ಕಾಯ್‌ಶಿಯೆನ್‌ಗೊಂಗ್: ಒಂದು ರೇಷ್ಮೆ ಹಳ್ಳಿ, ಒಂದು ಕಾರ್ಖಾನೆ, ತೊಂಬತ್ತು ವರ್ಷ

ಮಳೆ ಬಂತು. ಗಂಡ ಕೊಡೆ ತಲುಪಿಸಲು ಮರೆತ. ಹೆಂಡತಿ ನಾಲ್ಕು ಜನರ ಎದುರಿಗೇ ಅವನಿಗೆ ಬೈದಳು. ಇಷ್ಟೇ ಸಂಗತಿ. 1930ರ ದಶಕದಲ್ಲಿ ಚೀನಾದ ಒಂದು ಹಳ್ಳಿಯಲ್ಲಿ ನಡೆದದ್ದು. ಇಷ್ಟು ಸಣ್ಣ ಜಗಳವನ್ನು ಒಬ್ಬ ಸಂಶೋಧಕ ಕೇಳಿ ಬರೆದಿಟ್ಟ. ಕಾರಣ ಇದೆ. ಆ ಊರಿನ ಪದ್ಧತಿಯಂತೆ ಗಂಡನ ಸೇವೆ ಹೆಂಡತಿಯ ಕೆಲಸ. ಗಂಡನೇ ಹೆಂಡತಿಗೆ ಕೊಡೆ ತಲುಪಿಸಬೇಕು, ತಲುಪಿಸದಿದ್ದರೆ ಬೈಸಿಕೊಳ್ಳಬೇಕು ಅನ್ನುವುದು ಯಾರೂ ಕಂಡು ಕೇಳಿದ್ದಲ್ಲ. ಬೈದವಳು ಊರಿನ ರೇಷ್ಮೆ ಕಾರ್ಖಾನೆಯಲ್ಲಿ ಸಂಬಳಕ್ಕೆ ದುಡಿಯುತ್ತಿದ್ದಳು.

ಊರಿನ ಹೆಸರು ಕಾಯ್‌ಶಿಯೆನ್‌ಗೊಂಗ್. ಜಿಯಾಂಗ್ಸು ಪ್ರಾಂತ್ಯದ ವೂಜಿಯಾಂಗ್ ಸೀಮೆಯಲ್ಲಿ, ತಾಯ್ ಸರೋವರದ ಆಗ್ನೇಯ ದಡದ ಹತ್ತಿರ ಇದೆ. ಸುತ್ತಲೂ ಕಾಲುವೆ, ಭತ್ತದ ಗದ್ದೆ, ಹಿಪ್ಪುನೇರಳೆ. 1935ರ ಗಣತಿಯಲ್ಲಿ ಇಲ್ಲಿ 1,458 ಜನ, ಸುಮಾರು 360 ಮನೆ. ಸಂಶೋಧಕರು ಫೇ ಶಿಯಾವ್‌ತೊಂಗ್. ಚೀನಾದ ಸಮಾಜಶಾಸ್ತ್ರದಲ್ಲಿ ಮುಂದೆ ದೊಡ್ಡ ಹೆಸರಾದವರು. ಈ ಊರಿಗೆ ಬಂದಾಗ ಅವರಿಗೆ 26ರ ಆಸುಪಾಸು.

ಅವರು ಬಂದದ್ದು ಸಂಶೋಧನೆಗೆಂದೇ ಅಲ್ಲ. 1935ರಲ್ಲಿ ಹೆಂಡತಿ ವಾಂಗ್ ತೊಂಗ್‌ಹುಯ್ ಜೊತೆ ಗುವಾಂಗ್ಸಿಯ ಬೆಟ್ಟಗಳಿಗೆ ಯಾವ್ ಎಂಬ ಬುಡಕಟ್ಟಿನ ಜನರ ಅಧ್ಯಯನಕ್ಕೆ ಹೋಗಿದ್ದರು. ಅಲ್ಲಿ ಹುಲಿ ಹಿಡಿಯಲು ಇಟ್ಟಿದ್ದ ಬೋನಿಗೆ ಫೇ ಬಿದ್ದರು. ಸಹಾಯ ತರಲು ಓಡಿದ ಹೆಂಡತಿ ದಾರಿಯಲ್ಲೇ ತೀರಿಕೊಂಡರು. ಮದುವೆಯಾಗಿ ಕೆಲವೇ ತಿಂಗಳಾಗಿತ್ತು. ಮೈ ಮನಸ್ಸು ಎರಡೂ ಸುಧಾರಿಸಿಕೊಳ್ಳಲಿ ಎಂದು 1936ರ ಬೇಸಿಗೆಯಲ್ಲಿ ಅಕ್ಕನ ಕೆಲಸದ ಊರಿಗೆ ಬಂದರು. ಅಲ್ಲಿ ಎರಡು ತಿಂಗಳು ಬರೆದಿಟ್ಟುಕೊಂಡ ಟಿಪ್ಪಣಿಯನ್ನು ಲಂಡನ್ನಿಗೆ ಒಯ್ದರು. ಮಾನವಶಾಸ್ತ್ರಜ್ಞ ಮಲಿನೊವ್ಸ್ಕಿಯವರ ಕೈಕೆಳಗೆ ಅದು ಪಿಎಚ್‌ಡಿ ಆಯಿತು, 1939ರಲ್ಲಿ ಪುಸ್ತಕವಾಯಿತು. ನಾನಿಲ್ಲಿ ಹೇಳುವ 1936ರ ವಿವರಗಳೆಲ್ಲ ಆ ಕೆಲಸದಿಂದಲೇ ಬಂದವು.

ಆದರೆ ಈ ಕಥೆ ಶುರುವಾಗುವುದು ತಮ್ಮನಿಂದಲ್ಲ, ಅಕ್ಕನಿಂದ.

ಅಕ್ಕ ತಂದ ಮೊಟ್ಟೆ

ಅಕ್ಕ ಫೇ ದಾಶೆಂಗ್. ಹುಟ್ಟಿದ್ದು 1903ರಲ್ಲಿ. ಸುಝೌ ಹತ್ತಿರದ ಹೆಣ್ಣುಮಕ್ಕಳ ರೇಷ್ಮೆ ಶಾಲೆಯಲ್ಲಿ ಓದಿ, ಜಪಾನಿಗೆ ಹೋಗಿ ಇನ್ನಷ್ಟು ಕಲಿತು ಬಂದವರು. 1920ರ ದಶಕದಲ್ಲಿ ಶಾಲೆಯ ಮುಖ್ಯಸ್ಥರಾದ ಝೆಂಗ್ ಪಿಜಿಯಾಂಗ್ ಜೊತೆ ಈ ಹಳ್ಳಿಗೆ ಬಂದರು.

ಆಗ ಊರಿನ ಸ್ಥಿತಿ ಹೀಗಿತ್ತು. ಒಂದು ಮನೆಗೆ ಸರಾಸರಿ ಒಂದೂವರೆ ಎಕರೆಗೂ ಕಡಿಮೆ ಜಮೀನು. ಭತ್ತ ಹೊಟ್ಟೆಗೆ ಸರಿಹೋಗುತ್ತಿತ್ತು. ಗೇಣಿ, ಬಟ್ಟೆ, ಎಣ್ಣೆ, ಮದುವೆ, ಸಾವು, ಇವಕ್ಕೆಲ್ಲ ದುಡ್ಡು ರೇಷ್ಮೆಯಿಂದಲೇ ಬರಬೇಕು. ಹುಳು ಸಾಕುವುದು, ಗೂಡು ಬೇಯಿಸಿ ನೂಲು ಬಿಚ್ಚುವುದು ಎಲ್ಲ ಹೆಂಗಸರ ಕೆಲಸ, ಮನೆಯೊಳಗೇ. ಹುಳುವಿಗೆ ರೋಗ ಬಿದ್ದರೆ ಒಂದು ಬೆಳೆಯಲ್ಲಿ ಬಹುಪಾಲು ಹುಳು ಗೂಡು ಕಟ್ಟುವ ಮೊದಲೇ ಸಾಯುತ್ತಿತ್ತು.

ರಾಮನಗರ, ಶಿಡ್ಲಘಟ್ಟದ ಕಡೆಯ ಓದುಗರಿಗೆ ಮುಂದಿನ ಭಾಗ ಹೊಸದೇನಲ್ಲ. ಶಾಲೆಯವರು ಸೂಕ್ಷ್ಮದರ್ಶಕದಲ್ಲಿ ಪರೀಕ್ಷಿಸಿದ ರೋಗವಿಲ್ಲದ ಮೊಟ್ಟೆ ಕೊಟ್ಟರು. ಹುಳು ಚಿಕ್ಕದಿರುವಾಗ ಮನೆಮನೆಯಲ್ಲಿ ಸಾಕದೆ ಒಂದೇ ಕಡೆ ಸೇರಿಸಿ, ಬಿಸಿ ಮತ್ತು ತೇವ ನೋಡಿಕೊಂಡು ಸಾಕಿದರು. ಆಮೇಲೆ ಮನೆಗಳಿಗೆ ಹಂಚಿದರು. ನಮ್ಮಲ್ಲಿ ಇದಕ್ಕೇ ಚಾಕಿ ಸಾಕಣೆ ಅನ್ನುವುದು. ನಮಗೂ ರೇಷ್ಮೆಯ ಹೊಸ ಪಾಠ ಹೇಳಿಕೊಟ್ಟವರಲ್ಲಿ ಜಪಾನಿನವರಿದ್ದರು. ಒಂದು ಶತಮಾನದ ಹಿಂದಿನ ಮಾತು ಅದು. ಹಾಗಾಗಿ ಎರಡೂ ಕಡೆಯ ಹುಳುಮನೆಗಳಲ್ಲಿ ಒಂದೇ ಬಗೆಯ ಶಿಸ್ತು ಕಾಣುತ್ತದೆ.

ಹಳ್ಳಿಯವರು ಮೊದಮೊದಲು ನಂಬಲಿಲ್ಲ. ಪಟ್ಟಣದಿಂದ ಬಂದ ಓದಿದ ಹುಡುಗಿ ತಮಗೆ ಹುಳು ಸಾಕುವುದು ಕಲಿಸುತ್ತಾಳಾ? ಬೆಳೆ ಕೈಗೆ ಬಂದ ಮೇಲೆ ನಂಬಿದರು. ಇದರಲ್ಲಿ ಸಂಪ್ರದಾಯಕ್ಕೂ ಹೊಸತಿಗೂ ಯುದ್ಧವೇನೂ ನಡೆಯಲಿಲ್ಲ. ಪಕ್ಕದ ಮನೆಯ ತಟ್ಟೆಯಲ್ಲಿ ಎಷ್ಟು ಗೂಡು ಇದೆ ಎಂದು ನೋಡಿದರು, ಅಷ್ಟೇ.

1929ರಲ್ಲಿ ಊರಿನಲ್ಲೇ ಹಬೆಯಿಂದ ಓಡುವ ನೂಲು ಬಿಚ್ಚುವ ಕಾರ್ಖಾನೆ ಶುರುವಾಯಿತು. ಖಾಸಗಿಯವರದ್ದಲ್ಲ, ಸಹಕಾರಿ. ಪ್ರಾಂತ್ಯದ ರೈತ ಬ್ಯಾಂಕಿನಿಂದ ಸಾಲ, ಊರಿನವರಿಂದ ಷೇರು ಮತ್ತು ಗೂಡು. ಇಂಥ ಕಾರ್ಖಾನೆಗಳನ್ನು ವೂಶಿ, ಶಾಂಘೈನಂಥ ನಗರಗಳಲ್ಲಿ ಕಟ್ಟುವುದು ವಾಡಿಕೆ. ಇವರು ಬೇಕೆಂದೇ ಹಳ್ಳಿಗೆ ತಂದರು. ಯಂತ್ರ ಬರಲಿ, ಆದರೆ ಅದರ ಲಾಭ ಬಂಡವಾಳಗಾರನಿಗೆ ಹೋಗದೆ ಹುಳು ಸಾಕಿದವರಿಗೇ ಸಿಗಲಿ ಅನ್ನುವುದು ಅವರ ಆಸೆ.

350 ಹೆಂಗಸರು, 70 ಹೆಂಗಸರು

ಆಸೆ ಒಳ್ಳೆಯದೇ. ಲೆಕ್ಕ ಬೇರೆ ಇತ್ತು. ಹಿಂದೆ ಊರಿನಲ್ಲಿ ಕನಿಷ್ಠ 350 ಹೆಂಗಸರು ಮನೆಯಲ್ಲಿ ನೂಲು ಬಿಚ್ಚುತ್ತಿದ್ದರು. ಅಷ್ಟೇ ಕೆಲಸಕ್ಕೆ ಕಾರ್ಖಾನೆಯಲ್ಲಿ 70 ಜನಕ್ಕಿಂತ ಕಡಿಮೆ ಸಾಕು. ಉಳಿದ ಸುಮಾರು 300 ಹೆಂಗಸರು ಏನು ಮಾಡಬೇಕು? ಗದ್ದೆ ಗಂಡಸರದು. ಇರುವ ಗದ್ದೆಯೂ ಅವರಿಗೇ ಸಾಲದು. ಅಕ್ಕ ಕಟ್ಟಿದ ಕಾರ್ಖಾನೆಯ ಮೇಲೆ ತಮ್ಮ ಈ ಲೆಕ್ಕ ಬರೆದ. ನನಗೆ ಈ ಅಧ್ಯಯನದ ಮೇಲೆ ನಂಬಿಕೆ ಹುಟ್ಟಿದ್ದೇ ಇಲ್ಲಿ. ಅಕ್ಕನ ಮೇಲಿನ ಅಭಿಮಾನ ಅವರಿಗೆ ಬೇಕಾದಷ್ಟಿತ್ತು, ಆದರೂ ಅಂಕಿ ಮುಚ್ಚಿಡಲಿಲ್ಲ.

ಷೇರುದಾರರ ಕಥೆಯೂ ಹೀಗೇ. ಕಾಗದದ ಮೇಲೆ ಊರಿನವರೇ ಮಾಲೀಕರು. ಆದರೆ ಹೆಚ್ಚಿನವರಿಗೆ ಓದು ಬರಹ ಬಾರದು, ಕಾರ್ಖಾನೆಯ ಲೆಕ್ಕಪತ್ರ ತಲೆಗೆ ಹತ್ತದು. ಮೊದಲ ವರ್ಷ ಲಾಭ ಹಂಚಿದಾಗ ಖುಷಿಪಟ್ಟರು. ಆಮೇಲೆ ಬೆಲೆ ಬಿದ್ದು ಲಾಭ ನಿಂತಾಗ, ನಡೆಸುವವರು ಯಾರೋ, ನಾವು ಯಾರೋ ಅನ್ನುವಂತಾದರು. ಯಂತ್ರ ಓಡಿಸುವುದನ್ನು ಕಲಿಸಿದಷ್ಟು ಶ್ರದ್ಧೆಯಿಂದ ಮಾಲೀಕರಾಗುವುದನ್ನು ಯಾರೂ ಅವರಿಗೆ ಕಲಿಸಿರಲಿಲ್ಲ.

ಕೆಲಸ ಸಿಕ್ಕ ಹೆಂಗಸರ ಮನೆಗಳಲ್ಲಿ ಮಾತ್ರ ಏನೋ ಸರಿದಾಡಿತು. ಹುಡುಗಿಯೊಬ್ಬಳ ಸಂಬಳ ಈಗ ಬಿಡಿಯಾಗಿ ಕಾಣುತ್ತದೆ. ಮೊದಲು ಅವಳ ದುಡಿಮೆ ಮನೆಯ ನೂಲಿನಲ್ಲಿ ಕರಗಿಹೋಗುತ್ತಿತ್ತು. ಕೆಲವು ಹುಡುಗಿಯರು ವೂಶಿಯ ಗಿರಣಿಗಳಿಗೂ ಹೋದರು.

ಅವರಲ್ಲಿ ಒಬ್ಬಳ ವಿಷಯ ಕೇಳಿ. ಮದುವೆಯಾಗಿ ಒಂದು ವರ್ಷಕ್ಕೆ ವೂಶಿಗೆ ಕೆಲಸಕ್ಕೆ ಹೋದಳು. ಅಲ್ಲಿ ಅದೇ ಗಿರಣಿಯ ಗಂಡಸಿನ ಜೊತೆ ಪ್ರೀತಿಯಾಯಿತು. ಗೊತ್ತಾಗಿ ಇಬ್ಬರನ್ನೂ ಕೆಲಸದಿಂದ ತೆಗೆದರು. ಎರಡು ತಿಂಗಳು ಒಟ್ಟಿಗೆ ಇದ್ದರು. ಕೈಯಲ್ಲಿದ್ದ ಕಾಸು ಮುಗಿದ ಮೇಲೆ ಅವಳು ಊರಿಗೆ ಮರಳಬೇಕಾಯಿತು. ಅತ್ತೆ ಮಾವ ಒಳಗೆ ಬಿಟ್ಟುಕೊಳ್ಳಲಿಲ್ಲ. ಆಮೇಲೆ ಬಿಟ್ಟುಕೊಂಡರು. ಯಾಕೆ? ಅವಳನ್ನು ಬೇರೆಯವರಿಗೆ ಮದುವೆ ಮಾಡಿಕೊಟ್ಟರೆ ಹಾಕಿದ ಖರ್ಚು ವಾಪಸ್ ಬರುತ್ತದೆ ಎಂದು. ಅಷ್ಟರಲ್ಲಿ ಇನ್ನೊಂದು ಯೋಚನೆ ಬಂತು. ಊರಿನ ಕಾರ್ಖಾನೆಯಲ್ಲಿ ಇವಳಿಗೆ ಕೆಲಸ ಸಿಗುತ್ತದಲ್ವಾ? ಆ ಯೋಜನೆ ಕೈಬಿಟ್ಟರು. ಏನೂ ಆಗಿಲ್ಲವೆಂಬಂತೆ ಮೊದಲಿನ ಹಾಗೇ ಸೊಸೆಯಾಗಿ ಇಟ್ಟುಕೊಂಡರು. ಗಂಡ ಇದರಲ್ಲೆಲ್ಲ ಬಾಯಿ ಬಿಡಲಿಲ್ಲ.

ಮಾನ ಮರ್ಯಾದೆಯ ವಿಷಯದಲ್ಲಿ ಹಳ್ಳಿ ಕಲ್ಲಿನಂತೆ ಗಟ್ಟಿ ಅನ್ನುತ್ತೇವೆ. ಇಲ್ಲಿ ತಿಂಗಳ ಸಂಬಳ ಎದುರಿಗೆ ಬಂದು ನಿಂತಾಗ ಮರ್ಯಾದೆ ತಾನೇ ಜರುಗಿ ಕೂತುಕೊಂಡಿತು.

ಬೆಲೆ ಬಿದ್ದಾಗ ಎದ್ದ ಪದ್ಧತಿ

ಈಗ ಈ ಪ್ರಕರಣದ ಮುಖ್ಯ ಗಂಟಿಗೆ ಬರೋಣ. 1929ರ ನಂತರ ಜಗತ್ತಿನ ಆರ್ಥಿಕ ಕುಸಿತದಲ್ಲಿ ರೇಷ್ಮೆ ಬೆಲೆ ನೆಲಕಚ್ಚಿತು. ಅಮೆರಿಕದ ಮಗ್ಗಗಳಿಗೆ ಒಂದೇ ಸಮನಾದ ನೂಲು ಬೇಕು. ಅದನ್ನು ಜಪಾನ್ ಕೊಡುತ್ತಿತ್ತು. ಕೈಯಲ್ಲಿ ಬಿಚ್ಚಿದ ಚೀನಾದ ನೂಲಿನಲ್ಲಿ ಆ ಸಮ ಇರಲಿಲ್ಲ. ಮೇಲಿಂದ ರೇಯಾನ್ ಎಂಬ ಕೃತಕ ರೇಷ್ಮೆ ಬೇರೆ ಬಂದಿತ್ತು. ಅದೇ ಕುಸಿತದಲ್ಲಿ ಅಗ್ಗದ ಚೀನಾ, ಜಪಾನ್ ರೇಷ್ಮೆ ಭಾರತದ ಪೇಟೆಗೂ ನುಗ್ಗಿತು, ಮೈಸೂರು ಸಂಸ್ಥಾನದ ರೇಷ್ಮೆ ರೈತರೂ ತತ್ತರಿಸಿದರು. 1933ರಲ್ಲಿ ಇಲ್ಲಿ ಸುಂಕ ಮಂಡಳಿ ವಿಚಾರಣೆ ನಡೆಸಿತು, 1934ರಲ್ಲಿ ರಕ್ಷಣೆಯ ಸುಂಕ ಬಂತು. ನಮ್ಮವರು ಆಗ ಚೀನಾ ರೇಷ್ಮೆಯಿಂದ ಹಾಳಾದೆವು ಅನ್ನುತ್ತಿದ್ದರು. ಆ ರೇಷ್ಮೆ ಮಾಡಿದವರು ನಮಗಿಂತ ಮೊದಲೇ ಹಾಳಾಗಿದ್ದರು.

ಬೆಲೆ ಬಿದ್ದದ್ದೇ ಕಾಯ್‌ಶಿಯೆನ್‌ಗೊಂಗ್‌ನಲ್ಲಿ ಮದುವೆಗಳು ಕಷ್ಟವಾದವು. ಹೆಣ್ಣಿನ ಕಡೆಗೆ ಕೊಡುವ ಉಡುಗೊರೆ, ಊಟ, ನೆಂಟರು, ಇದಕ್ಕೆಲ್ಲ ದುಡ್ಡು ಎಲ್ಲಿಂದ? ಮುಂಚೆ ನೆಂಟರೆಲ್ಲ ಸೇರಿ ಚೀಟಿ ನಡೆಸುತ್ತಿದ್ದರು. ನಮ್ಮ ಚೀಟಿಯ ಹಾಗೇ. ಎಲ್ಲರೂ ಕಂತು ಕಟ್ಟುವುದು, ಕರೆದವನು ಮೊದಲ ಮೊತ್ತ ಎತ್ತಿಕೊಳ್ಳುವುದು. ಕರೆಯುವುದು ಹೆಚ್ಚಾಗಿ ಮದುವೆಗೇ. ಕಂತು ಕಟ್ಟಬೇಕಾದ ನೆಂಟರ ಕೈಯೇ ಖಾಲಿಯಾದಾಗ ಚೀಟಿಯೂ ಕುಸಿಯಿತು.

ಆಗ ಒಂದು ಹಳೆಯ ದಾರಿ ತೆರೆದುಕೊಂಡಿತು. ಹೆಣ್ಣುಮಗುವನ್ನು ಚಿಕ್ಕದಿರುವಾಗಲೇ ತಂದು ಸಾಕುವುದು, ದೊಡ್ಡವಳಾದ ಮೇಲೆ ಮಗನಿಗೇ ಮದುವೆ ಮಾಡುವುದು. ಪುಟ್ಟ ಸೊಸೆ. ಹೆಣ್ಣಿನ ಮನೆಗೆ ಸಾಕುವ ಖರ್ಚಿಲ್ಲ, ಗಂಡಿನ ಮನೆಗೆ ಮದುವೆಯ ಖರ್ಚು ಕಡಿಮೆ. ಆ ಹುಡುಗಿಗೆ ಏನು? ತವರು ಅನ್ನುವುದೇ ಇಲ್ಲ. ಮಕ್ಕಳಿಗೆ ಸೋದರಮಾವನ ಆಸರೆಯೂ ತೆಳುವಾಗುತ್ತದೆ. ಚೀನಾದ ಆ ಭಾಗದಲ್ಲಿ ಸೋದರಮಾವ ಸಣ್ಣ ವ್ಯಕ್ತಿಯಲ್ಲ.

ಫೇ ಎಣಿಸಿದರು. ಮದುವೆಯಾದ 439 ಹೆಂಗಸರಲ್ಲಿ ಪುಟ್ಟ ಸೊಸೆಯಾಗಿ ಬಂದವರು 74, ಅಂದರೆ 17%. ಮದುವೆಯಾಗದ 244 ಹುಡುಗಿಯರಲ್ಲಿ ಪುಟ್ಟ ಸೊಸೆಯರು 95, ಅಂದರೆ 39%.

ಈ ಎರಡು ಸಂಖ್ಯೆಗಳ ಮೇಲೆ ಸ್ವಲ್ಪ ಹೊತ್ತು ನಿಲ್ಲಬೇಕು. ಹೊರಗಿನಿಂದ ಬಂದ ಯಾರಾದರೂ ಪುಟ್ಟ ಸೊಸೆಯನ್ನು ನೋಡಿದರೆ "ಹಳೆಯ ಕಾಲದ ಪಳೆಯುಳಿಕೆ, ವಿದ್ಯೆ ಬಂದರೆ ಹೋಗುತ್ತದೆ" ಅನ್ನುತ್ತಿದ್ದರು. ಆದರೆ ಅದು ಹೋಗುತ್ತಿರಲಿಲ್ಲ, ಏರುತ್ತಿತ್ತು. ಶಾಲೆ ಬಂದ ಮೇಲೆ, ಕಾರ್ಖಾನೆ ಬಂದ ಮೇಲೆ, ನ್ಯೂಯಾರ್ಕಿನ ಪೇಟೆಯ ಬೆಲೆ ಹಳ್ಳಿಯ ಒಲೆಯವರೆಗೆ ತಲುಪಿದ ಮೇಲೆ ಏರಿತು. ಹತ್ತೊಂಬತ್ತನೇ ಶತಮಾನದ ತೈಪಿಂಗ್ ಯುದ್ಧದ ನಂತರವೂ ಇಲ್ಲಿ ಹೀಗೇ ಏರಿ, ಕಾಲ ಸುಧಾರಿಸಿದ ಮೇಲೆ ಇಳಿದಿತ್ತಂತೆ. ಪದ್ಧತಿ ಹಳೆಯದು, ಆದರೆ ಅದರ ಬಳಕೆ ಮಾರುಕಟ್ಟೆಯ ಏರಿಳಿತಕ್ಕೆ ತಕ್ಕಂತೆ. ಒಂದು ಆಚರಣೆಯ ಮುಖ ನೋಡಿ ಅದರ ವಯಸ್ಸು ಹೇಳಲು ಹೋಗಬಾರದು ಎಂದು ನಾನು ಈ ಊರಿನಿಂದ ಕಲಿತೆ.

ಶಾಲೆ, ಪಂಚಾಂಗ, ದೋಣಿ

ಸರ್ಕಾರದ ಹೊಸತನ ಮಾತ್ರ ಊರಿನ ಮೇಲೆ ಜಾಸ್ತಿ ಅಂಟಲಿಲ್ಲ. ಶಾಲೆಯ ದಾಖಲೆಯಲ್ಲಿ ನೂರಕ್ಕೂ ಹೆಚ್ಚು ಮಕ್ಕಳಿದ್ದರು. ಇನ್ಸ್‌ಪೆಕ್ಟರ್ ಬರುವ ದಿನ ಬಿಟ್ಟರೆ ತರಗತಿಯಲ್ಲಿ 20 ಮಕ್ಕಳೂ ಕಷ್ಟವೇ. ಶಾಲೆಯ ರಜೆ ಪಶ್ಚಿಮದ ಕ್ಯಾಲೆಂಡರಿಗೆ ತಕ್ಕಂತೆ. ಹುಳುವಿಗೆ ಸೊಪ್ಪು ತರುವ ಹೊತ್ತು, ಕುರಿಗೆ ಹುಲ್ಲು ತರುವ ಹೊತ್ತು ಬೇರೆ. ರೇಷ್ಮೆ ಕುಸಿದ ಮೇಲೆ ಊರಿನವರು ಕುರಿ ಸಾಕಲು ಹಿಡಿದಿದ್ದರು, ಹುಲ್ಲು ಕೊಯ್ಯುವ ಕೆಲಸ ಮಕ್ಕಳದ್ದು. ಕುರಿಯ ಗೊಬ್ಬರಕ್ಕೆ ಬೆಲೆ ಇದೆ, ಪಾಠಕ್ಕೆ ಇನ್ನೂ ಬೆಲೆ ಗೊತ್ತಾಗಿಲ್ಲ. ತಂದೆ ತಾಯಿಯ ಲೆಕ್ಕ ತಪ್ಪೆಂದು ಹೇಳಲು ನನಗೆ ಬಾಯಿ ಬರುವುದಿಲ್ಲ.

ಊರು ಏಕಕಾಲಕ್ಕೆ ಮೂರು ಪಂಚಾಂಗ ಬಳಸುತ್ತಿತ್ತು. ಹಬ್ಬ, ಪೂಜೆ, ಹಿರಿಯರ ದಿನಗಳಿಗೆ ಚಾಂದ್ರಮಾನ. ನಾಟಿ, ಹುಳುವಿನ ಬೆಳೆಗೆ ವರ್ಷವನ್ನು 24 ಭಾಗ ಮಾಡುವ ಸೌರಮಾನ. ಶಾಲೆಗೆ, ಕಾರ್ಖಾನೆಗೆ, ಸರ್ಕಾರಿ ಕಚೇರಿಗೆ ಪಶ್ಚಿಮದ ತಾರೀಖು. ಸರ್ಕಾರ ಹಳೆಯದನ್ನು ಬಿಡಿಸಲು ನೋಡಿತು. ಜನ ಬಿಡಲೂ ಇಲ್ಲ, ಜಗಳಕ್ಕೂ ಹೋಗಲಿಲ್ಲ. ಯುಗಾದಿಗೆ ಪಂಚಾಂಗ, ಸಂಬಳಕ್ಕೆ ಕ್ಯಾಲೆಂಡರ್ ನೋಡುವ ನಮಗೆ ಇದು ವಿಚಿತ್ರ ಅನ್ನಿಸುವುದಿಲ್ಲ.

ಅಡುಗೆಮನೆಯ ದೇವರೂ ಹಾಗೇ ಉಳಿದ. ಒಲೆಯ ಮೇಲೆ ಅವನ ಕಾಗದ. ಮನೆಯವರ ನಡತೆಯನ್ನೆಲ್ಲ ನೋಡಿಕೊಂಡಿದ್ದು, ವರ್ಷದ ಕೊನೆಗೆ ಸ್ವರ್ಗದ ಚಕ್ರವರ್ತಿಗೆ ವರದಿ ಒಪ್ಪಿಸುವವನು. ಒಂದು ಬಗೆಯ ಸರ್ಕಾರಿ ಅಧಿಕಾರಿಯೇ. ಅಣ್ಣ ತಮ್ಮಂದಿರು ಬೇರೆಯಾದರು ಅನ್ನುವುದಕ್ಕೆ ಗುರುತು ಒಲೆ ಬೇರೆಯಾಗುವುದು. ಬೇರೆ ಒಲೆಗೆ ಬೇರೆ ದೇವರು.

ಪೇಟೆಯ ಸಂಬಂಧ ನಾಲ್ಕು ದೋಣಿಗಳ ಮೇಲೆ ನಿಂತಿತ್ತು. ಬೆಳಿಗ್ಗೆ ದೋಣಿ ಹೊರಡುವಾಗ ಮನೆಗಳಿಂದ ಎಣ್ಣೆ ಬಾಟಲಿ ಕೊಟ್ಟು ಕೂಗಿ ಹೇಳುತ್ತಿದ್ದರು, ಇಷ್ಟು ಕಾಸಿನದು ತನ್ನಿ ಎಂದು. ದೋಣಿಯವನು ಝೆನ್‌ಝೆ ಪೇಟೆಗೆ ಹೋಗಿ, ಸಾಮಾನು ತಂದು, ಸಂಜೆ ಅವರವರ ಮನೆಗೆ ಮುಟ್ಟಿಸುತ್ತಿದ್ದ. ಕೂಲಿ ಕೇಳುತ್ತಿರಲಿಲ್ಲ. ಅವನಿಗೆ ಕೊಡುತ್ತಿದ್ದವರು ಅಂಗಡಿಯವರು. ಊರಿನ ಭತ್ತ, ನೂಲು ಮಾರಿಕೊಡುವುದರಲ್ಲೂ ಅವನಿಗೆ ಪಾಲಿತ್ತು. ಗೂಡು ಕಾರ್ಖಾನೆಗೆ ಹೋಗತೊಡಗಿದ ಮೇಲೆ ನೂಲಿನ ಆ ಪಾಲಿಗೆ ಕತ್ತರಿ ಬಿತ್ತು. ಬೈಯಲು ಅವನಿಗೆ ಯಾರೂ ಸಿಕ್ಕಿರಲಿಕ್ಕಿಲ್ಲ.

ಆಮೇಲೆ

ಯುದ್ಧ ಬಂತು. ಜಪಾನ್ ದಾಳಿಯಲ್ಲಿ ಕಾರ್ಖಾನೆ ನಾಶವಾಯಿತು. 1949ರಲ್ಲಿ ಕಮ್ಯುನಿಸ್ಟರು ಅಧಿಕಾರಕ್ಕೆ ಬಂದ ನಂತರ ಭೂಸುಧಾರಣೆ, ಆಮೇಲೆ ಸಾಮೂಹಿಕ ಬೇಸಾಯ. ಪುಟ್ಟ ಸೊಸೆಯ ಪದ್ಧತಿಯನ್ನು 1950ರ ಮದುವೆ ಕಾನೂನು ನಿಷೇಧಿಸಿತು.

1957ರಲ್ಲಿ ಫೇ ಎರಡನೇ ಸಲ ಊರಿಗೆ ಬಂದರು. ಭತ್ತದ ಇಳುವರಿ ಏರಿತ್ತು. ಆದರೆ ಕೆಲವರು ಹಿಂದಿಗಿಂತ ಕಷ್ಟ ಅನ್ನುತ್ತಿದ್ದರು. ಯಾಕೆಂದು ಹುಡುಕಿದರೆ ಉತ್ತರ ಹಳೆಯದೇ. ಈ ಊರು ಯಾವತ್ತೂ ಬರೀ ಭತ್ತದಿಂದ ಬದುಕಿಲ್ಲ. ಎಲ್ಲರ ಗಮನ ಧಾನ್ಯದ ಮೇಲೆ ನಿಂತು ರೇಷ್ಮೆ, ಕುರಿ, ದೋಣಿ ವ್ಯಾಪಾರ ಮೂಲೆಗೆ ಬಿದ್ದಿದ್ದವು. ಇದನ್ನು ಅವರು ಪತ್ರಿಕೆಯಲ್ಲಿ ಬರೆದರು. ಅದೇ ವರ್ಷ ಅವರನ್ನು ಬಲಪಂಥೀಯ ಎಂದು ಕರೆದು ಮೂಲೆಗೆ ತಳ್ಳಿದರು. ಎರಡು ದಶಕಕ್ಕೂ ಹೆಚ್ಚು ಕಾಲ ಅವರಿಗೆ ಸಂಶೋಧನೆಯೇ ಇಲ್ಲವಾಯಿತು.

ಮತ್ತೆ ಊರಿಗೆ ಕಾಲಿಟ್ಟದ್ದು 1981ರಲ್ಲಿ. ಅಷ್ಟರಲ್ಲಿ ಊರಿನಲ್ಲಿ ರೇಷ್ಮೆ ಕಾರ್ಖಾನೆ ಮತ್ತೆ ಎದ್ದಿತ್ತು, ಮನೆಮನೆಯಲ್ಲಿ ಮೊಲ ಸಾಕುತ್ತಿದ್ದರು, ಹೊಸ ಮನೆಗಳು ಏಳುತ್ತಿದ್ದವು. 1980ರ ದಶಕದಲ್ಲಿ ದಕ್ಷಿಣ ಜಿಯಾಂಗ್ಸುವಿನ ಹಳ್ಳಿ ಹಳ್ಳಿಯಲ್ಲಿ ಕಾರ್ಖಾನೆ ಬಂದವು. ಹೊಲ ಬಿಡಿ, ಊರು ಬಿಡಬೇಡಿ ಅನ್ನುವುದು ಆಗಿನ ಮಾತು. ಅಕ್ಕ 1929ರಲ್ಲಿ ಮಾಡಹೊರಟಿದ್ದೂ ಅದನ್ನೇ. 1990ರ ದಶಕದಲ್ಲಿ ಆ ಭಾಗದ ಸಾಮೂಹಿಕ ಕಾರ್ಖಾನೆಗಳು ಒಂದೊಂದಾಗಿ ಖಾಸಗಿಯವರ ಕೈಸೇರಿದವು. ಫೇ ಒಟ್ಟು 26 ಬಾರಿ ಈ ಊರಿಗೆ ಬಂದರು. 2005ರ ಏಪ್ರಿಲ್‌ನಲ್ಲಿ ಅವರು ತೀರಿಕೊಂಡರು, ಅಕ್ಕ ಅದೇ ವರ್ಷ ಆಗಸ್ಟ್‌ನಲ್ಲಿ. ಈಗ ಊರಿನಲ್ಲಿ ಫೇ ಅವರ ನೆನಪಿಗೆ ವಸ್ತುಸಂಗ್ರಹಾಲಯ ಇದೆ. ಊರಿನವರ ದುಡಿಮೆ ಉಣ್ಣೆಯ ಸ್ವೆಟರ್, ಏಡಿ ಸಾಕಣೆಯ ಕಡೆ ಸರಿದಿದೆ.

ಇವತ್ತು ಸುಝೌ ಸುತ್ತಲಿನ ಈ ಸೀಮೆಯಲ್ಲಿ ಸಂಶೋಧಕರು ಬರೆಯುವ ವಿಷಯ ಬೇರೆ: ಎರಡು ಕಡೆಯ ಮದುವೆ. ಒಂದೇ ಮಗುವಿನ ನೀತಿಯನ್ನು ಜಿಯಾಂಗ್ಸು ಬಿಗಿಯಾಗಿ ಜಾರಿ ಮಾಡಿತ್ತು. ಅದರಲ್ಲಿ ಹುಟ್ಟಿದ ಒಬ್ಬನೇ ಮಗನಿಗೆ, ಒಬ್ಬಳೇ ಮಗಳಿಗೆ ಮದುವೆ. ಹೆಣ್ಣು ಗಂಡನ ಮನೆಗೆ ಹೋಗುವುದಿಲ್ಲ, ಗಂಡು ಮನೆ ಅಳಿಯನೂ ಆಗುವುದಿಲ್ಲ. ಎರಡೂ ಮನೆಯಲ್ಲಿ ದಂಪತಿಗೆ ಕೋಣೆ. ಕೊಡುವ ಬಿಡುವ ಮಾತಿಲ್ಲ. ಮೊದಲ ಮಗುವಿಗೆ ಅಪ್ಪನ ಮನೆತನದ ಹೆಸರು, ಎರಡನೆಯದಕ್ಕೆ ಅಮ್ಮನದು. ತಾಯಿಯ ಅಪ್ಪ ಅಮ್ಮನನ್ನೂ ಮಗು ತಂದೆಯ ಕಡೆಯ ಅಜ್ಜ ಅಜ್ಜಿಯನ್ನು ಕರೆಯುವ ಹೆಸರಿನಿಂದಲೇ ಕರೆಯುತ್ತದೆ.

ಇದು ಬಹಳ ಆಧುನಿಕ, ಹೆಣ್ಣಿಗೆ ಸಮಾನತೆ ಬಂತು ಎಂದು ಹೇಳುವವರಿದ್ದಾರೆ. ಸ್ವಲ್ಪ ನಿಲ್ಲಿ. ಗಂಡುಮಗನಿಲ್ಲದ ಮನೆಗೆ ಅಳಿಯನನ್ನು ತಂದು ಮಗುವಿಗೆ ಅಮ್ಮನ ಮನೆತನದ ಹೆಸರಿಡುವುದನ್ನು ಫೇ 1936ರಲ್ಲೇ ಈ ಹಳ್ಳಿಯಲ್ಲಿ ಕಂಡಿದ್ದರು. ಒಂದೇ ದಂಪತಿ ಎರಡೂ ಮನೆಯ ಹಿರಿಯರ ಪೂಜೆ, ಎರಡೂ ವಂಶ ಮುಂದುವರಿಸುವ ಏರ್ಪಾಡನ್ನೂ ಗುರುತಿಸಿದ್ದರು. ಆಗ ಅದು ಅಪರೂಪದ ದಾರಿ. ಎಲ್ಲರ ಮನೆಯಲ್ಲೂ ಒಂದೇ ಮಗು ಆದ ಮೇಲೆ ಆ ಅಪರೂಪದ ದಾರಿಯೇ ರಾಜಮಾರ್ಗವಾಯಿತು. ಹಳೆಯದಾಗಿ ಕಂಡ ಪುಟ್ಟ ಸೊಸೆ ಮಾರುಕಟ್ಟೆಯ ಕುಸಿತದಲ್ಲಿ ಬೆಳೆದಳು. ಹೊಸದಾಗಿ ಕಾಣುವ ಈ ಮದುವೆಯ ಬೇರು ವಂಶ ಉಳಿಯಬೇಕೆಂಬ ಹಳೆಯ ಹಟದಲ್ಲಿದೆ. ಮಗಳಿಗೆ ಆಸ್ತಿ ಬಂತು, ನಿಜ. ಅದರ ಜೊತೆಗೆ ಎರಡು ಮನೆಯ ಮುದುಕರನ್ನು ನೋಡಿಕೊಳ್ಳುವ ಹೊಣೆ, ಎರಡನೇ ಮಗು ಹೆರುವ ಒತ್ತಾಯವೂ ಬಂತು.

ಜಗಳ ಹುಟ್ಟುವುದು ಆ ಎರಡನೇ ಮಗು ಬಾರದಿದ್ದಾಗ. 2016ರಿಂದ ಎರಡು ಮಕ್ಕಳಿಗೆ, 2021ರಿಂದ ಮೂರಕ್ಕೆ ಕಾನೂನು ಒಪ್ಪಿದೆ. ಆದರೆ ಸುಝೌದಂಥ ದುಬಾರಿ ಸೀಮೆಯಲ್ಲಿ ಇಬ್ಬರೂ ಕೆಲಸಕ್ಕೆ ಹೋಗುವ ದಂಪತಿಗೆ ಒಂದೇ ಸಾಕು ಅನ್ನಿಸುತ್ತದೆ. ಇರುವ ಒಂದು ಮಗುವಿಗೆ ಯಾರ ಹೆಸರು? ಎರಡು ಮನೆಯ ನಾಲ್ಕು ಮಂದಿ ಅಜ್ಜ ಅಜ್ಜಿಯರು ಮದುವೆಗೆ ಮೊದಲೇ ಕೂತು ಮಾತಾಡಿಕೊಳ್ಳುತ್ತಾರೆ. ಹಾಗೆ ಮಾತಾಡಿಕೊಂಡದ್ದೂ ಕೆಲವೊಮ್ಮೆ ಮಗು ಹುಟ್ಟಿದ ಮೇಲೆ ನಿಲ್ಲುವುದಿಲ್ಲ.